ಮೂಕಪ್ರಾಣಿಗಳ ವಕೀಲ

ಮನುಷ್ಯನಿಗೆ ಅನ್ಯಾಯವಾದರೆ ಅವನು ಬಾಯಿಬಿಟ್ಟು ಹೇಳಿಕೊಳ್ಳಬಲ್ಲನು. ಊರ ಹಿರಿಯರ ಬಳಿಗೆ ಹೋಗಬಲ್ಲನು. ನ್ಯಾಯಾಲಯದ ಮೆಟ್ಟಿಲನ್ನು ಹತ್ತಬಲ್ಲನು. ಕಾಡಿನ ಪ್ರಾಣಿಗೆ ಆ ದಾರಿಯಿಲ್ಲ. ತಾನು ಹುಟ್ಟಿ ಬೆಳೆದ ನೆಲದ ನಕ್ಷೆಯ ಮೇಲೆ ಯಾರೋ ಎಲ್ಲಿಯೋ ಕುಳಿತು ಗೆರೆ ಎಳೆದರೆ ಅದು ಅದಕ್ಕೆ ತಿಳಿಯುವುದೂ ಇಲ್ಲ. ಇಂಥ ಮೂಕಜೀವಿಗಳ ಪರವಾಗಿ ಮೂವತ್ತು ವರ್ಷಗಳ ಕಾಲ ಒಂದು ದೇಶದ ಮನೆಮನೆಯಲ್ಲಿಯೂ ವಾದಿಸಿದವರು ಜರ್ಮನಿಯ ಬರ್ನ್‌ಹಾರ್ಡ್ ಗ್ಜಿಮೆಕ್. ದೂರದರ್ಶನದ ಪರದೆಯೇ ಅವರ ನ್ಯಾಯಾಲಯ; ಅದರ ಮುಂದೆ ಕುಳಿತ ಸಾಮಾನ್ಯ ಜನರೇ ನ್ಯಾಯಾಧೀಶರು.

ಗ್ಜಿಮೆಕ್ ಹುಟ್ಟಿದ್ದು 1909ನೆಯ ಇಸವಿ ಏಪ್ರಿಲ್ 24ರಂದು, ಸೈಲೀಷಿಯ ಪ್ರಾಂತದ ನೈಸೆ ಎಂಬ ಊರಿನಲ್ಲಿ. ಅಂದು ಜರ್ಮನಿಗೆ ಸೇರಿದ್ದ ಆ ಊರು ಇಂದು ಪೋಲೆಂಡಿನಲ್ಲಿದೆ. ತಂದೆ ವಕೀಲರು, ಮಗನು ಇನ್ನೂ ಎಳೆಯವನಾಗಿದ್ದಾಗಲೇ ತೀರಿಕೊಂಡರು. ಬಾಲಕನು ತಾಯಿಯ ಆಸರೆಯಲ್ಲಿ ಬೆಳೆದನು. ಅವನಿಗೆ ಚಿಕ್ಕಂದಿನಿಂದಲೂ ಕೋಳಿ, ನಾಯಿ, ಕುದುರೆ ಮೊದಲಾದ ಸಾಕುಪ್ರಾಣಿಗಳಲ್ಲಿ ಅಕ್ಕರೆ. ಆ ಅಕ್ಕರೆಯೇ ಮುಂದೆ ವಿದ್ಯೆಯಾಯಿತು. 1928ರಲ್ಲಿ ಪಶುವೈದ್ಯಶಾಸ್ತ್ರದ ಅಭ್ಯಾಸಕ್ಕೆ ತೊಡಗಿ, ಲೈಪ್ಜಿಗ್ ಮತ್ತು ಬರ್ಲಿನ್ ನಗರಗಳಲ್ಲಿ ಓದಿ, 1933ರಲ್ಲಿ ಡಾಕ್ಟರ್ ಪದವಿಯನ್ನು ಪಡೆದರು. ವಿದ್ಯಾರ್ಥಿದೆಸೆಯಲ್ಲಿಯೇ, 1930ರಲ್ಲಿ, ಅವರಿಗೆ ಹಿಲ್ಡೆಗಾರ್ಡ್ ಅವರೊಡನೆ ವಿವಾಹವಾಯಿತು. ಈ ದಂಪತಿಗಳಿಗೆ ರೋಖುಸ್ ಮತ್ತು ಮೈಕೇಲ್ ಎಂಬ ಇಬ್ಬರು ಗಂಡುಮಕ್ಕಳು. ಕಿರಿಯನಾದ ಮೈಕೇಲನು ಹುಟ್ಟಿದ್ದು 1934ರಲ್ಲಿ.

ಅದು ಜರ್ಮನಿಯ ಪಾಲಿಗೆ ಕತ್ತಲೆಯ ಕಾಲ. ಹಿಟ್ಲರನ ನಾಜಿ ಪಕ್ಷದ ಆಡಳಿತವು ದೇಶವನ್ನೆಲ್ಲ ತನ್ನ ಹಿಡಿತದಲ್ಲಿ ಇಟ್ಟುಕೊಂಡಿತ್ತು. ಗ್ಜಿಮೆಕ್ ಸರಕಾರದ ಆಹಾರ ಇಲಾಖೆಯಲ್ಲಿ ನೌಕರಿಯಲ್ಲಿದ್ದರು; ಯುದ್ಧಕಾಲದಲ್ಲಿ ಸೈನ್ಯದ ಪಶುವೈದ್ಯರೂ ಆಗಿದ್ದರು. ಬರ್ಲಿನಿನಲ್ಲಿ ಅಡಗಿಕೊಂಡಿದ್ದ ಯೆಹೂದ್ಯರಿಗೆ ಅವರು ಆಹಾರವನ್ನು ಒದಗಿಸುತ್ತಿದ್ದುದರಿಂದ 1945ರ ಆರಂಭದಲ್ಲಿ ರಹಸ್ಯ ಪೊಲೀಸರು ಅವರ ಮನೆಯನ್ನು ಶೋಧಿಸಿದರು. ಗ್ಜಿಮೆಕ್ ಬರ್ಲಿನನ್ನು ಬಿಟ್ಟು ಫ್ರಾಂಕ್‌ಫರ್ಟ್ ನಗರವನ್ನು ಸೇರಿದರು. ಅವರ ಜೀವನದ ಈ ಅಧ್ಯಾಯಕ್ಕೆ ಇನ್ನೊಂದು ಮುಖವೂ ಉಂಟು. ಯುದ್ಧವು ಮುಗಿದ ಮೇಲೆ, ತಾವು ನಾಜಿ ಪಕ್ಷದ ಸದಸ್ಯರಾಗಿರಲಿಲ್ಲವೆಂದು ಅವರು ಹೇಳಿಕೊಂಡರು. ಪಕ್ಷದ ದಾಖಲೆಗಳಲ್ಲಿ ಅವರ ಹೆಸರು ಇದ್ದುದು ಮುಂದೆ ಬೆಳಕಿಗೆ ಬಂದಿತು. ಭಯದ ಕಾಲದಲ್ಲಿ ಬಾಳಿದ ಮನುಷ್ಯನಲ್ಲಿ ಧೈರ್ಯವೂ ದೌರ್ಬಲ್ಯವೂ ಒಟ್ಟಿಗೇ ಇರಬಹುದೆಂಬುದಕ್ಕೆ ಅವರ ಬಾಳೂ ಒಂದು ನಿದರ್ಶನ.

1945ರ ಮೇ ತಿಂಗಳಿನಲ್ಲಿ ಗ್ಜಿಮೆಕ್ ಫ್ರಾಂಕ್‌ಫರ್ಟಿನ ಮೃಗಾಲಯದ ನಿರ್ದೇಶಕರಾದರು. ಅದನ್ನು ಮೃಗಾಲಯವೆಂದು ಕರೆಯುವುದೇ ಕಷ್ಟವಾಗಿತ್ತು. ಹಿಂದಿನ ವರ್ಷ ವಿಮಾನಗಳು ಸುರಿಸಿದ ಬಾಂಬುಗಳಿಂದ ಕಟ್ಟಡಗಳು ನೆಲಸಮವಾಗಿದ್ದವು. ದೊಡ್ಡ ಪ್ರಾಣಿಗಳ ಪೈಕಿ ಬದುಕಿ ಉಳಿದಿದ್ದವು ಇಪ್ಪತ್ತರಷ್ಟು ಮಾತ್ರ. ಜನರಿಗೇ ರೊಟ್ಟಿ ಸಿಕ್ಕದ ದಿನಗಳಲ್ಲಿ ಪ್ರಾಣಿಗಳನ್ನು ಸಾಕುವುದೇತಕ್ಕೆ ಎಂದು ಕೇಳುವವರೂ ಇದ್ದರು. ಗ್ಜಿಮೆಕ್ ಎದೆಗುಂದಲಿಲ್ಲ. ಗುಂಡಿಗಳನ್ನು ಮುಚ್ಚಿಸಿ, ಮುರಿದ ಬೇಲಿಗಳನ್ನು ಕಟ್ಟಿಸಿ, ಜುಲೈ 1ರಂದೇ ಬಾಗಿಲು ತೆರೆಯಿಸಿದರು. ತೋರಿಸಲು ಪ್ರಾಣಿಗಳು ಸಾಲದೆ ಇದ್ದುದರಿಂದ ಸರ್ಕಸ್ಸು, ನಾಟಕ, ಸಂಗೀತ, ಜಾತ್ರೆಯ ಆಟಗಳನ್ನು ಏರ್ಪಡಿಸಿದರು. ಯುದ್ಧದಿಂದ ಬಳಲಿದ ಜನರು ನಗುವಿಗಾಗಿ ಹಂಬಲಿಸುತ್ತಿದ್ದರು. ಅವರು ಗುಂಪುಗುಂಪಾಗಿ ಬಂದರು. ಅವರು ಕೊಟ್ಟ ಕಾಸು ಪ್ರಾಣಿಗಳ ಮೇವಾಯಿತು. ನಡುವೆ, 1947ರ ಕೊನೆಯಲ್ಲಿ, ಹಿಂದಿನ ಪಕ್ಷ ಸದಸ್ಯತ್ವದ ಪ್ರಶ್ನೆ ಎದ್ದು ಅಮೆರಿಕದ ಸೈನಿಕ ಆಡಳಿತವು ಅವರನ್ನು ಹುದ್ದೆಯಿಂದ ಇಳಿಸಿತು. ಮರುವರ್ಷ ಅವರು ಮತ್ತೆ ಅದೇ ಸ್ಥಾನಕ್ಕೆ ಬಂದರು. 1974ರವರೆಗೆ, ಸುಮಾರು ಇಪ್ಪತ್ತೊಂಬತ್ತು ವರ್ಷ, ಅವರು ಆ ಮೃಗಾಲಯವನ್ನು ನಡೆಸಿದರು.

ಮೃಗಾಲಯಕ್ಕೆ ಪ್ರಾಣಿಗಳನ್ನು ತರುವ ಉದ್ದೇಶದಿಂದ ಗ್ಜಿಮೆಕ್ ಆಫ್ರಿಕಕ್ಕೆ ಪ್ರಯಾಣ ಮಾಡತೊಡಗಿದರು. ಮಗ ಮೈಕೇಲನೂ ಜೊತೆಗೂಡಿದನು. ಆಫ್ರಿಕದ ಕಾಡುಗಳು ಪ್ರಾಣಿಗಳಿಂದ ತುಂಬಿ ತುಳುಕುತ್ತಿವೆಯೆಂದು ಯುರೋಪಿನ ಜನ ನಂಬಿದ್ದ ಕಾಲ ಅದು. ತಂದೆ-ಮಕ್ಕಳು ಕಂಡದ್ದೇ ಬೇರೆ. ಕಾಡು ಕಿರಿದಾಗುತ್ತಿತ್ತು, ಬಂದೂಕು ಹೆಚ್ಚಾಗುತ್ತಿತ್ತು. ಪ್ರಾಣಿಗಳನ್ನು ಹಿಡಿದು ತರಲು ಹೋದವರು ಅವುಗಳನ್ನು ಉಳಿಸುವ ಚಿಂತೆಯನ್ನು ಹೊತ್ತು ಹಿಂತಿರುಗಿದರು. ಕಾಡುಪ್ರಾಣಿಗಳಿಗೆ ಈ ಲೋಕದಲ್ಲಿ ಎಡೆಯಿಲ್ಲವಾಗುತ್ತಿದೆ ಎಂಬ ಅರ್ಥದ ಹೆಸರಿನಲ್ಲಿ ಗ್ಜಿಮೆಕ್ 1954ರಲ್ಲಿ ಒಂದು ಪುಸ್ತಕವನ್ನು ಪ್ರಕಟಿಸಿದರು. ಅದೇ ಹೆಸರಿನಲ್ಲಿ ತಂದೆ-ಮಕ್ಕಳು ಕಾಂಗೋ ದೇಶದಲ್ಲಿ ತೆಗೆದ ಚಲನಚಿತ್ರವು 1956ರಲ್ಲಿ ತೆರೆಕಂಡು, ಬರ್ಲಿನ್ ಚಿತ್ರೋತ್ಸವದಲ್ಲಿ ಬಹುಮಾನ ಗಳಿಸಿತು.

ಅದೇ ವರ್ಷ ಅಕ್ಟೋಬರ್ 28ರಂದು ಗ್ಜಿಮೆಕ್ ಮೊದಲ ಬಾರಿಗೆ ತಮ್ಮದೇ ಕಾರ್ಯಕ್ರಮದೊಡನೆ ದೂರದರ್ಶನದ ಪರದೆಯ ಮೇಲೆ ಕಾಣಿಸಿಕೊಂಡರು. ಜರ್ಮನಿಯಲ್ಲಿ ದೂರದರ್ಶನವು ಆಗತಾನೆ ಮನೆಗಳನ್ನು ಹೊಗುತ್ತಿತ್ತು. ಪ್ರಾಣಿಗಳಿಗೊಂದು ಎಡೆ ಎಂಬುದು ಆ ಕಾರ್ಯಕ್ರಮದ ಹೆಸರಿನ ಅರ್ಥ. ಪುಸ್ತಕದ ಹೆಸರಿನಲ್ಲಿ ಇದ್ದ ನಿರಾಶೆಗೆ ಕಾರ್ಯಕ್ರಮದ ಹೆಸರಿನಲ್ಲಿ ಉತ್ತರವಿತ್ತು. ಎತ್ತರದ ನಿಲುವು, ಅಚ್ಚುಕಟ್ಟಾದ ಕೋಟು, ಕೊರಳಲ್ಲಿ ಟೈ. ಮೇಜಿನ ಮುಂದೆ ಕುಳಿತು ಅವಸರವಿಲ್ಲದ ಮೆಲುದನಿಯಲ್ಲಿ ಅವರು ಮಾತನಾಡುತ್ತಿದ್ದರು. ಪಕ್ಕದಲ್ಲಿ ಚಿಂಪಾಂಜಿಯೋ ಚೀತಾ ಎಂದು ಹೆಸರಾದ ಸಿವಂಗಿಯೋ ಇರುತ್ತಿತ್ತು. ಅದು ಅವರ ಹೆಗಲನ್ನು ಏರಿದರೂ, ಮೇಜಿನ ಮೇಲಿನ ಕಾಗದಗಳನ್ನು ಕೆದಕಿದರೂ ಅವರ ಮಾತಿನ ಓಟ ತಪ್ಪುತ್ತಿರಲಿಲ್ಲ. ನೋಡುವ ಮಕ್ಕಳು ನಗುತ್ತಿದ್ದರು. ನಗುತ್ತ ನಗುತ್ತಲೇ ಮಕ್ಕಳೂ ದೊಡ್ಡವರೂ ಆ ಪ್ರಾಣಿಯ ಬಾಳನ್ನೂ ಅದಕ್ಕೆ ಒದಗಿದ ಆಪತ್ತನ್ನೂ ಅರಿಯುತ್ತಿದ್ದರು. ಕೊನೆಯಲ್ಲಿ ಅವರು ಕಾಡುಪ್ರಾಣಿಗಳ ರಕ್ಷಣೆಗಾಗಿ ಹಣವನ್ನು ಬೇಡುತ್ತಿದ್ದರು. ಹೀಗೆ ಬಂದ ಲಕ್ಷಗಟ್ಟಲೆ ಮಾರ್ಕುಗಳು ಫ್ರಾಂಕ್‌ಫರ್ಟಿನ ಪ್ರಾಣಿಶಾಸ್ತ್ರ ಸಂಘದ ಮೂಲಕ ದೂರದ ಕಾಡುಗಳಿಗೆ ತಲುಪಿದವು. 1987ರವರೆಗೆ ನಡೆದ ಆ ಕಾರ್ಯಕ್ರಮದ ಕಂತುಗಳು ಸುಮಾರು 175.

ಗ್ಜಿಮೆಕ್ ಅವರ ಬಾಳಿನ ಅತಿ ದೊಡ್ಡ ಕಾರ್ಯವು ಪೂರ್ವ ಆಫ್ರಿಕದ ಸೆರೆಂಗೆಟಿಯಲ್ಲಿ ನಡೆಯಿತು. ಮಸಾಯಿ ಜನರ ಭಾಷೆಯಲ್ಲಿ ಕೊನೆಯಿಲ್ಲದ ಬಯಲು ಎಂಬ ಅರ್ಥ ಕೊಡುವ ಮಾತಿನಿಂದ ಆ ಹೆಸರು ಬಂದಿದೆ. ಕಣ್ಣು ಹರಿಯುವವರೆಗೂ ಹುಲ್ಲುಗಾವಲು. ಅದರ ಮೇಲೆ ವಿಲ್ಡಬೀಸ್ಟ್ ಎಂಬ ಗಡ್ಡದ ಪ್ರಾಣಿಗಳ, ಪಟ್ಟೆಕುದುರೆಗಳ, ಗಜೆಲ್ ಎಂಬ ಜಿಂಕೆಯಂಥ ಪ್ರಾಣಿಗಳ ಹಿಂಡುಗಳು. ಹಿಂಡುಗಳ ಬೆನ್ನಿಗೆ ಸಿಂಹ, ಚಿರತೆ, ಕತ್ತೆಕಿರುಬ. ಮಳೆ ಬಿದ್ದ ಕಡೆ ಹುಲ್ಲು, ಹುಲ್ಲು ಚಿಗುರಿದ ಕಡೆಗೆ ಹಿಂಡುಗಳ ಪಯಣ. ಆಗ ಟಾಂಗನೀಕ ಎಂದು ಕರೆಯಿಸಿಕೊಳ್ಳುತ್ತಿದ್ದ ಆ ನಾಡು ಬ್ರಿಟಿಷರ ಆಡಳಿತದಲ್ಲಿತ್ತು. 1951ರಲ್ಲಿ ರಾಷ್ಟ್ರೀಯ ಉದ್ಯಾನವೆಂದು ಗುರುತಿಸಿದ್ದ ಈ ಬಯಲಿನ ಪೂರ್ವ ಭಾಗವನ್ನು ಕತ್ತರಿಸಿ ಬೇರ್ಪಡಿಸುವ ಯೋಜನೆಯನ್ನು ಆಡಳಿತವು ಹಾಕಿಕೊಂಡಿತ್ತು. ಅಲ್ಲಿ ತಲೆಮಾರುಗಳಿಂದ ದನ ಮೇಯಿಸುತ್ತ ಬಂದ ಮಸಾಯಿ ಜನರ ಬದುಕಿನ ಪ್ರಶ್ನೆಯೂ ಅದರಲ್ಲಿ ಅಡಗಿತ್ತು.

ತಮ್ಮ ಮೊದಲ ಚಿತ್ರದಿಂದ ಬಂದ ಹಣದಲ್ಲಿ ನೆಲವನ್ನು ಕೊಂಡು ಉದ್ಯಾನವನ್ನು ಹಿಗ್ಗಿಸಲು ತಂದೆ-ಮಕ್ಕಳು ಮುಂದೆ ಬಂದರು. ಅಲ್ಲಿನ ರಾಷ್ಟ್ರೀಯ ಉದ್ಯಾನಗಳ ನಿರ್ದೇಶಕರಾಗಿದ್ದ ಪೀಟರ್ ಮಾಲಾಯ್ ಅವರು ಬೇರೊಂದು ಸಲಹೆ ಇತ್ತರು. ಅಲ್ಲಿ ಎಷ್ಟು ಪ್ರಾಣಿಗಳಿವೆ, ಅವು ಯಾವ ಕಾಲದಲ್ಲಿ ಎಲ್ಲಿಗೆ ಹೋಗುತ್ತವೆ ಎಂಬುದು ಯಾರಿಗೂ ಸರಿಯಾಗಿ ತಿಳಿದಿರಲಿಲ್ಲ. ಅದು ತಿಳಿಯದೆ ಎಳೆದ ಗಡಿಗೆ ಅರ್ಥವಿಲ್ಲ. ಮೊದಲು ಎಣಿಸಬೇಕು, ಆಮೇಲೆ ವಾದಿಸಬೇಕು ಎಂಬುದು ಆ ಸಲಹೆಯ ಸಾರ. ಗ್ಜಿಮೆಕ್ ಅದನ್ನು ಒಪ್ಪಿದರು. ನೆಲದ ಮೇಲೆ ನಿಂತು ಎಣಿಸಲಾಗದಷ್ಟು ವಿಸ್ತಾರವಾದ ಬಯಲು ಅದು. ಆದುದರಿಂದ ಐವತ್ತರ ಹತ್ತಿರದ ತಂದೆಯೂ ಇಪ್ಪತ್ತಮೂರರ ಮಗನೂ ವಿಮಾನ ನಡೆಸುವುದನ್ನು ಕಲಿತರು. ಡಾರ್ನಿಯರ್ ಕಂಪನಿಯ ಒಂದು ಚಿಕ್ಕ ವಿಮಾನವನ್ನು ಕೊಂಡು, ಅದಕ್ಕೆ ಪಟ್ಟೆಕುದುರೆಯ ಮೈಯಂತೆ ಕಪ್ಪು ಬಿಳುಪಿನ ಪಟ್ಟೆಗಳನ್ನು ಬಳಿಯಿಸಿದರು. 1957ರ ಡಿಸೆಂಬರಿನಲ್ಲಿ ಜರ್ಮನಿಯಿಂದ ಹೊರಟು, ಸಮುದ್ರವನ್ನೂ ಮರುಭೂಮಿಯನ್ನೂ ದಾಟಿ ಸೆರೆಂಗೆಟಿಗೆ ಬಂದಿಳಿದರು.

ಎಣಿಕೆ ಸುಲಭದ ಕೆಲಸವಾಗಿರಲಿಲ್ಲ. ಬಯಲನ್ನು ಭಾಗಭಾಗವಾಗಿ ವಿಂಗಡಿಸಿಕೊಂಡು, ನೆಲಕ್ಕೆ ಸಮೀಪದಲ್ಲಿ ಹಾರುತ್ತ, ಎಡಬಲಗಳಲ್ಲಿ ಕಂಡ ಹಿಂಡುಗಳನ್ನು ಲೆಕ್ಕ ಹಾಕಬೇಕಾಗಿತ್ತು. ಕೆಲವು ಪ್ರಾಣಿಗಳನ್ನು ಹಿಡಿದು, ಕೊರಳಿಗೆ ಬಣ್ಣದ ಪಟ್ಟಿಯನ್ನು ಕಟ್ಟಿ ಬಿಟ್ಟರು. ಅವು ಎಲ್ಲಿ ಕಾಣಿಸಿಕೊಂಡವೆಂಬುದನ್ನು ಗುರುತಿಸಿ ಪಯಣದ ದಾರಿಯನ್ನು ಕಂಡುಕೊಂಡರು. ಎಲ್ಲೆಲ್ಲಿ ಯಾವ ಹುಲ್ಲು ಬೆಳೆಯುತ್ತದೆ, ಯಾವುದನ್ನು ಪ್ರಾಣಿಗಳು ಮೇಯುತ್ತವೆ ಎಂಬುದನ್ನೂ ಪರೀಕ್ಷಿಸಿದರು. ಹತ್ತು ಲಕ್ಷ ಪ್ರಾಣಿಗಳಿವೆಯೆಂಬ ಊಹೆ ಇದ್ದ ಕಡೆ ಅವರ ಲೆಕ್ಕಕ್ಕೆ ಸಿಕ್ಕಿದ್ದು ಮೂರೂವರೆ ಲಕ್ಷಕ್ಕೆ ಸ್ವಲ್ಪ ಮಿಕ್ಕಿ. ಅದಕ್ಕಿಂತಲೂ ಮುಖ್ಯವಾದ ಸಂಗತಿಯೊಂದು ಹೊರಬಿದ್ದಿತು. ಆಡಳಿತವು ಗೊತ್ತುಮಾಡಿದ್ದ ಹೊಸ ಗಡಿಯ ಆಚೆಗೇ ಹಿಂಡುಗಳು ವರ್ಷದ ಕೆಲವು ತಿಂಗಳುಗಳನ್ನು ಕಳೆಯುತ್ತಿದ್ದವು. ಕಚೇರಿಯ ಮೇಜಿನ ಮೇಲೆ ಎಳೆದ ಗೆರೆಗೂ ಪ್ರಾಣಿಗಳು ನಡೆಯುವ ದಾರಿಗೂ ಹೊಂದಿಕೆಯೇ ಇರಲಿಲ್ಲ.

ಎಣಿಕೆಯೊಡನೆ ಚಿತ್ರೀಕರಣವೂ ಸಾಗಿತ್ತು. ಕ್ಯಾಮರಾದ ಹೊಣೆಯ ಬಹುಭಾಗ ಮೈಕೇಲನದು. ಆ ತರುಣನು ಅದಾಗಲೇ ಮದುವೆಯಾಗಿ ಸಂಸಾರವಂದಿಗನಾಗಿದ್ದನು. ತಂದೆಗೆ ಅವನು ಮಗನಷ್ಟೇ ಅಲ್ಲ. ಸಹೋದ್ಯೋಗಿ, ಸಲಹೆಗಾರ, ಸ್ನೇಹಿತ. 1959ನೆಯ ಇಸವಿ ಜನವರಿ 10ರಂದು ಮೈಕೇಲನು ಒಬ್ಬನೇ ಆ ಪಟ್ಟೆಯ ವಿಮಾನವನ್ನು ಹಾರಿಸುತ್ತಿದ್ದನು. ಆಕಾಶದಲ್ಲಿ ತೇಲುತ್ತಿದ್ದ ಒಂದು ರಣಹದ್ದು ವಿಮಾನದ ರೆಕ್ಕೆಗೆ ಬಡಿಯಿತು. ವಿಮಾನವು ಹಿಡಿತ ತಪ್ಪಿ ನೆಲಕ್ಕೆ ಬಿದ್ದಿತು. ಮೈಕೇಲನು ಅಲ್ಲಿಯೇ ಅಸುನೀಗಿದನು. ಅವನಿಗೆ ಆಗ ಇಪ್ಪತ್ತನಾಲ್ಕು ವರ್ಷ. ಯಾವ ಜೀವಿಗಳಿಗಾಗಿ ಅವನು ಅಷ್ಟು ದೂರ ಬಂದಿದ್ದನೋ ಅವುಗಳಲ್ಲಿ ಒಂದರಿಂದಲೇ, ಅದರ ತಪ್ಪೂ ಇಲ್ಲದೆ ಇವನ ತಪ್ಪೂ ಇಲ್ಲದೆ, ಅವನ ಬಾಳು ಕೊನೆಗೊಂಡಿತು. ಗೊರೊಂಗೊರೊ ಎಂಬ ಆರಿದ ಜ್ವಾಲಾಮುಖಿಯ ಬಾಯಿಯ ಅಂಚಿನಲ್ಲಿ, ಪ್ರಾಣಿಗಳು ಮೇಯುವ ವಿಶಾಲವಾದ ತಗ್ಗಿಗೆ ಎದುರಾಗಿ, ಅವನ ದೇಹವನ್ನು ಮಣ್ಣುಮಾಡಿದರು. ಸಮಾಧಿಯ ಮೇಲೆ ಕಲ್ಲುಗಳ ಗೋಪುರವೊಂದು ಎದ್ದಿತು.

ಮಗನನ್ನು ಕಳೆದುಕೊಂಡ ತಂದೆಯ ಮುಂದೆ ಎರಡು ದಾರಿಗಳಿದ್ದವು. ಎಲ್ಲವನ್ನೂ ಬಿಟ್ಟು ಊರಿಗೆ ಮರಳುವುದು ಒಂದು. ಮಗನು ಅರ್ಧಕ್ಕೆ ಬಿಟ್ಟುಹೋದುದನ್ನು ಮುಗಿಸುವುದು ಇನ್ನೊಂದು. ಗ್ಜಿಮೆಕ್ ಎರಡನೆಯದನ್ನು ಹಿಡಿದರು. ಅಲನ್ ರೂಟ್ ಎಂಬ ತರುಣ ಛಾಯಾಗ್ರಾಹಕನು ಚಿತ್ರೀಕರಣಕ್ಕೆ ಕೈಗೂಡಿಸಿದನು. ಸೆರೆಂಗೆಟಿ ಸಾಯಬಾರದು ಎಂಬ ಅರ್ಥದ ಹೆಸರನ್ನು ಹೊತ್ತು ಪುಸ್ತಕವೂ ಚಲನಚಿತ್ರವೂ ಅದೇ ವರ್ಷ ಹೊರಬಂದವು. ಮನುಷ್ಯನು ಕಟ್ಟಿದ ಪುರಾತನ ದೇವಾಲಯಗಳು ಹೇಗೆ ಇಡೀ ಮಾನವಕುಲದ ಆಸ್ತಿಯೋ ಹಾಗೆಯೇ ಈ ಬಯಲಿನ ಪ್ರಾಣಿಗಳೂ ಎಲ್ಲರ ಆಸ್ತಿ. ಕಟ್ಟಡವು ಬಿದ್ದರೆ ಮತ್ತೆ ಕಟ್ಟಬಹುದು, ಅಳಿದುಹೋದ ಪ್ರಾಣಿಕುಲವನ್ನು ಮರಳಿ ತರುವುದು ಯಾರಿಂದಲೂ ಆಗದು ಎಂಬುದು ಅವರ ವಾದವಾಗಿತ್ತು. 1960ರಲ್ಲಿ ಆ ಚಿತ್ರಕ್ಕೆ ಅಮೆರಿಕದ ಆಸ್ಕರ್ ಪ್ರಶಸ್ತಿ ದೊರೆಯಿತು. ಪುಸ್ತಕವು ಹತ್ತಾರು ಭಾಷೆಗಳಿಗೆ ಅನುವಾದವಾಯಿತು. ಸೆರೆಂಗೆಟಿಯ ಹೆಸರನ್ನೇ ಕೇಳದಿದ್ದ ಜನರು ಅದನ್ನು ತಮ್ಮ ನೆರೆಯ ಊರೆಂಬಂತೆ ಮಾತನಾಡಿಕೊಂಡರು.

ಆದರೂ ಗಡಿಯ ವಿಷಯದಲ್ಲಿ ಅವರಿಗೆ ಪೂರ್ಣ ಜಯ ದೊರೆಯಲಿಲ್ಲ. 1959ರಲ್ಲಿಯೇ ಗೊರೊಂಗೊರೊ ಪ್ರದೇಶವನ್ನು ಉದ್ಯಾನದಿಂದ ಬೇರ್ಪಡಿಸಿ, ಮಸಾಯಿಗಳೂ ಪ್ರಾಣಿಗಳೂ ಕೂಡಿ ಬಾಳುವ ಪ್ರತ್ಯೇಕ ರಕ್ಷಿತ ಪ್ರದೇಶವನ್ನಾಗಿ ಮಾಡಿದರು. ಉದ್ಯಾನವು ಬೇರೆ ಕಡೆಗಳಲ್ಲಿ, ಉತ್ತರದ ಕೀನ್ಯಾ ಗಡಿಯವರೆಗೆ, ಹಿಗ್ಗಿತು. ಉದ್ಯಾನದೊಳಗೆ ಇದ್ದ ಮಸಾಯಿಗಳು ತಮ್ಮ ಮೇವಿನ ನೆಲವನ್ನು ಬಿಟ್ಟು ಹೊರಡಬೇಕಾಯಿತು. ಪ್ರಾಣಿಗಳ ದುಃಖವನ್ನು ಅಷ್ಟು ಚೆನ್ನಾಗಿ ಬಲ್ಲ ಗ್ಜಿಮೆಕ್ ಈ ಜನರ ದುಃಖಕ್ಕೆ ಅಷ್ಟೇ ಮನಗೊಡಲಿಲ್ಲವೆಂದು ಮುಂದಿನ ತಲೆಮಾರಿನವರು ಟೀಕಿಸಿದ್ದಾರೆ. ಆ ಟೀಕೆಯನ್ನು ತಳ್ಳಿಹಾಕುವಂತಿಲ್ಲ. ಇನ್ನೊಂದು ಸಂಗತಿಯೂ ಇಲ್ಲಿ ನೆನೆಯತಕ್ಕದ್ದು. 1958ರ ಎಣಿಕೆಯಲ್ಲಿ ಒಂದು ಲಕ್ಷದಷ್ಟಿದ್ದ ವಿಲ್ಡಬೀಸ್ಟ್‌ಗಳ ಸಂಖ್ಯೆ 1970ರ ದಶಕದ ಕೊನೆಯ ವೇಳೆಗೆ ಹತ್ತು ಲಕ್ಷವನ್ನು ದಾಟಿತು. ಸುತ್ತಲಿನ ಜನರ ದನಗಳಿಗೆ ದೊಡ್ಡರೋಗದ ಚುಚ್ಚುಮದ್ದನ್ನು ಹಾಕಿದ್ದು ಇದಕ್ಕೆ ಮುಖ್ಯ ಕಾರಣವೆಂದು ವಿಜ್ಞಾನಿಗಳು ಕಂಡುಕೊಂಡರು. ದನಗಳಿಂದ ರೋಗವು ತೊಲಗಿದಾಗ ಕಾಡಿನ ಹಿಂಡುಗಳೂ ಚೇತರಿಸಿಕೊಂಡವು. ಊರಿನ ದನ ಮತ್ತು ಕಾಡಿನ ಮೃಗ ಒಂದಕ್ಕೊಂದು ಹಗೆಯೆಂದು ತೋರಿದರೂ ಅವುಗಳ ಆರೋಗ್ಯ ಒಂದೇ ಹಗ್ಗದಲ್ಲಿ ಕಟ್ಟಿಕೊಂಡಿತ್ತು.

1961ರಲ್ಲಿ ಟಾಂಗನೀಕ ಸ್ವತಂತ್ರವಾಯಿತು. ಆ ನಾಡಿನ ನಾಯಕರಾದ ಜೂಲಿಯಸ್ ನ್ಯೆರೆರೆ ಅವರು ಕಾಡುಪ್ರಾಣಿಗಳನ್ನು ಕಾಪಾಡುವುದು ತಮ್ಮ ದೇಶದ ಕರ್ತವ್ಯವೆಂದು ಲೋಕಕ್ಕೆ ಸಾರಿದರು. ಗ್ಜಿಮೆಕ್ ಅವರ ಸ್ನೇಹವನ್ನು ಗಳಿಸಿದರು. ಬಡ ದೇಶವೊಂದು ಪ್ರಾಣಿಗಳನ್ನು ಉಳಿಸಬೇಕಾದರೆ ಆ ಪ್ರಾಣಿಗಳಿಂದ ಅದಕ್ಕೆ ಆದಾಯವೂ ಬರಬೇಕೆಂಬುದನ್ನು ಅವರು ಅರಿತಿದ್ದರು. ಒಮ್ಮೆ ದೂರದರ್ಶನದಲ್ಲಿ, ಪೂರ್ವ ಆಫ್ರಿಕದ ಪ್ರಾಣಿಗಳನ್ನು ನೋಡಿಬರಲು ಕಡಿಮೆ ವೆಚ್ಚದ ಪ್ರವಾಸಗಳು ದೊರೆಯುತ್ತವೆಂದು ಹೇಳಿಬಿಟ್ಟರು. ನಿಜವಾಗಿ ಅಂಥ ಪ್ರವಾಸವನ್ನು ಆಗ ಯಾರೂ ಏರ್ಪಡಿಸಿರಲಿಲ್ಲ. ಮರುದಿನದಿಂದಲೇ ಜನರು ಪ್ರವಾಸದ ಕಚೇರಿಗಳಲ್ಲಿ ವಿಚಾರಿಸತೊಡಗಿದರು. ಕಚೇರಿಗಳು ವಿಧಿಯಿಲ್ಲದೆ ಏರ್ಪಾಡು ಮಾಡಿದವು. ಹೇಳಿದಾಗ ನಿಜವಲ್ಲದ ಮಾತು ಕೆಲವೇ ದಿನಗಳಲ್ಲಿ ನಿಜವಾಯಿತು. ಈ ಉಪಾಯವನ್ನು ಅವರು ಬಚ್ಚಿಡಲೂ ಇಲ್ಲ.

ಆಫ್ರಿಕದ ಮೇಲಿನ ಮಮತೆ ಅವರನ್ನು ಸ್ವದೇಶದ ಕಡೆಗೆ ಕುರುಡರನ್ನಾಗಿ ಮಾಡಲಿಲ್ಲ. ಚಿರತೆಯ ಚರ್ಮದ ಕೋಟು ತೊಡುವ ಶೋಕಿಯನ್ನೂ, ತುಪ್ಪುಳಕ್ಕಾಗಿ ಸೀಲ್ ಮರಿಗಳನ್ನು ಹೊಡೆದು ಕೊಲ್ಲುವ ಕ್ರೌರ್ಯವನ್ನೂ, ಕೋಳಿಗಳನ್ನು ಇಕ್ಕಟ್ಟಾದ ಪಂಜರಗಳಲ್ಲಿ ತುಂಬುವ ಪದ್ಧತಿಯನ್ನೂ ಅವರು ಪರದೆಯ ಮೇಲೆ ಮುಖದಾಕ್ಷಿಣ್ಯವಿಲ್ಲದೆ ಖಂಡಿಸಿದರು. ಜರ್ಮನಿಯ ಮೊದಲ ರಾಷ್ಟ್ರೀಯ ಉದ್ಯಾನವು ಬವೇರಿಯದ ಅರಣ್ಯದಲ್ಲಿ 1970ರಲ್ಲಿ ಸ್ಥಾಪಿತವಾದುದರ ಹಿಂದೆ ಅವರ ದುಡಿಮೆ ಇತ್ತು. ವಿಲಿ ಬ್ರಾಂಟ್ ಅವರ ಸರಕಾರವು ಅವರನ್ನು ನಿಸರ್ಗ ರಕ್ಷಣೆಯ ವಿಶೇಷಾಧಿಕಾರಿಯನ್ನಾಗಿ ನೇಮಿಸಿತು. ಆ ಹುದ್ದೆಯಲ್ಲಿ ಗೌರವವಿತ್ತು, ಅಧಿಕಾರವಿರಲಿಲ್ಲ. ಸಲಹೆಗಳು ಕಾಗದದ ಮೇಲೆಯೇ ಉಳಿಯುವುದನ್ನು ಕಂಡು 1973ರಲ್ಲಿ ಅವರು ಅದನ್ನು ತೊರೆದರು. ಇಷ್ಟೆಲ್ಲದರ ನಡುವೆ ಅವರ ಲೇಖನಿ ಬಿಡುವು ಕಾಣಲಿಲ್ಲ. ಪ್ರಾಣಿಲೋಕವನ್ನು ಕುರಿತು ಅವರ ಸಂಪಾದಕತ್ವದಲ್ಲಿ ಹದಿಮೂರು ಸಂಪುಟಗಳ ವಿಶ್ವಕೋಶ ಹೊರಬಂದಿತು.

1987ನೆಯ ಇಸವಿ ಮಾರ್ಚ್ 13ರಂದು ಗ್ಜಿಮೆಕ್ ಫ್ರಾಂಕ್‌ಫರ್ಟಿನಲ್ಲಿ ಮಕ್ಕಳೊಡನೆ ಸರ್ಕಸ್ಸನ್ನು ನೋಡಲು ಹೋಗಿದ್ದರು. ಅಂಗಳದಲ್ಲಿ ಹುಲಿಗಳ ಆಟ ನಡೆಯುತ್ತಿತ್ತು. ನೋಡುತ್ತ ಕುಳಿತಿದ್ದಂತೆಯೇ ಅವರ ಉಸಿರು ನಿಂತಿತು. ಆಗ ಅವರಿಗೆ ಎಪ್ಪತ್ತೇಳು ವರ್ಷ. ಅವರ ಚಿತಾಭಸ್ಮವನ್ನು ಆಫ್ರಿಕಕ್ಕೆ ಒಯ್ದು, ಗೊರೊಂಗೊರೊದ ಅಂಚಿನಲ್ಲಿ ಮಗನ ಸಮಾಧಿಯ ಬಳಿಯಲ್ಲಿಯೇ ಇರಿಸಿದರು. ಇಪ್ಪತ್ತೆಂಟು ವರ್ಷಗಳ ಅಗಲಿಕೆಯ ಬಳಿಕ ತಂದೆ-ಮಕ್ಕಳು ಮತ್ತೆ ಒಂದೇ ಕಡೆ ಸೇರಿದರು.

ಬಣ್ಣಬಣ್ಣದ ದೃಶ್ಯಗಳನ್ನು ತೋರಿಸಿ ಜನರನ್ನು ರಂಜಿಸಿದವರು ಅನೇಕರು. ತೋರಿಸಿದುದಕ್ಕೆ ತಾವೇ ಹೊಣೆಯನ್ನು ಹೊತ್ತವರು ವಿರಳ. ಗ್ಜಿಮೆಕ್ ಮೊದಲು ತಮ್ಮ ಕಣ್ಣಿನಿಂದ ಕಂಡರು, ಕಂಡುದನ್ನು ಎಣಿಸಿದರು, ಆಮೇಲೆ ಲೋಕಕ್ಕೆ ತೋರಿಸಿದರು. ಅವರ ಎಣಿಕೆಯಲ್ಲಿ ಕೊರತೆ ಇದ್ದಿರಬಹುದು; ಅವರ ತೀರ್ಮಾನಗಳಲ್ಲಿ ತಪ್ಪುಗಳೂ ಇದ್ದವು. ಆದರೆ ತಮ್ಮ ಕಕ್ಷಿಗಾರರನ್ನು ಅವರು ನಡುದಾರಿಯಲ್ಲಿ ಕೈಬಿಡಲಿಲ್ಲ. ಇಂದಿಗೂ ಮಳೆಯ ಜಾಡನ್ನು ಹಿಡಿದು ವಿಲ್ಡಬೀಸ್ಟ್‌ಗಳ ಹಿಂಡುಗಳು ಸೆರೆಂಗೆಟಿಯ ಬಯಲಿನಲ್ಲಿ ಸಾಗುತ್ತವೆ. ತಮಗಾಗಿ ವಾದಿಸಿದವರು ಯಾರೆಂಬುದು ಅವುಗಳಿಗೆ ತಿಳಿಯದು. ಅದನ್ನು ನೆನೆಯುವ ಕೆಲಸ ಮಾತು ಬಲ್ಲ ಮನುಷ್ಯನದು.